ಮೇರಿ ವಿಂಡ್ಸರ್ ಸಿನಿಮಾ ನೋಡೋದಾದ್ರೆ ಯಾವುದರಿಂದ ಶುರು ಮಾಡೋದು?

ಮೇರಿ ವಿಂಡ್ಸರ್ ಹೆಸರು ಕೇಳಿಲ್ಲ ಅಂದರೆ ನಾಚಿಕೆ ಪಡಬೇಕಾದ್ದೇನಿಲ್ಲ. ಅವಳ ಊರಾದ ಅಮೆರಿಕದಲ್ಲೇ ಹಳೆಯ ಕ್ರೈಮ್ ಸಿನಿಮಾಗಳ ಹುಚ್ಚು ಇರುವವರನ್ನು ಬಿಟ್ಟರೆ ಉಳಿದವರಿಗೆ ಅಷ್ಟಾಗಿ ಗೊತ್ತಿಲ್ಲ. ಮುಖ ನೋಡಿದರೆ ಮಾತ್ರ ಒಂದಿಷ್ಟು ಜನ "ಓ ಇವಳಾ, ಆ ಕುದುರೆ ರೇಸಿನ ಸಿನಿಮಾದಲ್ಲಿ ಗಂಡನನ್ನು ಹುರಿದು ಮುಕ್ಕುತ್ತಾಳಲ್ಲ" ಅಂತಾರೆ.

ತೊಂದರೆ ಏನಂದ್ರೆ, ಈಕೆ ಮಾಡಿದ ಸಿನಿಮಾಗಳು ಎಪ್ಪತ್ತಕ್ಕೂ ಜಾಸ್ತಿ. ಅದರಲ್ಲಿ ಮುಕ್ಕಾಲು ಪಾಲು ನೀವು ನೋಡದೇ ಇದ್ದರೂ ನಡೆಯುತ್ತದೆ. ಕೆಲವದರಲ್ಲಿ ಬಂದು ಎರಡು ಮಾತಾಡಿ ಸತ್ತು ಹೋಗುತ್ತಾಳೆ. ಕೆಲವು ಅಷ್ಟು ಕೆಟ್ಟವು ಅಂದರೆ, ಕೆಟ್ಟದ್ದು ಅಂತಲೇ ಈಗ ಹೆಸರು ಮಾಡಿವೆ. ಹಾಗಾಗಿ ಸುಮ್ನೆ ಪಟ್ಟಿ ತೆಗೆದುಕೊಂಡು ಮೇಲಿನಿಂದ ನೋಡುತ್ತಾ ಹೋದರೆ ಮೂರನೆಯದಕ್ಕೇ ಕೈಬಿಡುತ್ತೀರಿ.

ಅವಸರದಲ್ಲಿ ಇರುವವರಿಗೆ ಉತ್ತರ ಈಗಲೇ ಹೇಳಿಬಿಡುತ್ತೇನೆ: ಮೊದಲು 'ದಿ ನ್ಯಾರೋ ಮಾರ್ಜಿನ್', ಆಮೇಲೆ 'ದಿ ಕಿಲ್ಲಿಂಗ್'. ಇಂಗ್ಲಿಷ್ ಸಿನಿಮಾ ಜಾಸ್ತಿ ನೋಡುವವರು ಇದರ ಉಲ್ಟಾ ಹೇಳುತ್ತಾರೆ, ಯಾಕಂದ್ರೆ ಎರಡನೆಯದು ಹೆಸರಾಂತ ನಿರ್ದೇಶಕ ಸ್ಟ್ಯಾನ್ಲಿ ಕುಬ್ರಿಕ್ ಸಿನಿಮಾ. ನಾನೂ ಉಲ್ಟಾ ಮಾಡಿದವನೇ. ಅದಕ್ಕೇ ಹೇಳುತ್ತಿರುವುದು.

ಹೋಲಿಸುವ ಮುಂಚೆ ಒಂದೆರಡು ವಿಷಯ ತಿಳಿದಿರಬೇಕು, ಇಲ್ಲದಿದ್ದರೆ ಈಕೆಗೆ ಇಂಥ ಪಾತ್ರಗಳೇ ಯಾಕೆ ಸಿಕ್ಕವು ಅನ್ನೋದು ಅರ್ಥ ಆಗಲ್ಲ. ಹುಟ್ಟಿದ್ದು 1919ರ ಡಿಸೆಂಬರ್ 11ರಂದು, ಯೂಟಾ ರಾಜ್ಯದ ಮೇರಿಸ್‌ವೇಲ್ ಅನ್ನುವ ಸಣ್ಣ ಊರಲ್ಲಿ. ಹುಟ್ಟಿದಾಗಿನ ಹೆಸರು ಎಮಿಲಿ ಮೇರಿ ಬರ್ಟೆಲ್ಸನ್. ಬ್ರಿಗಮ್ ಯಂಗ್ ವಿಶ್ವವಿದ್ಯಾಲಯದಲ್ಲಿ ಓದಿ, ಹಾಲಿವುಡ್‌ಗೆ ಬಂದು, ಮರಿಯಾ ಊಸ್ಪೆನ್‌ಸ್ಕಾಯಾ ಅನ್ನುವ ರಷ್ಯನ್ ನಟಿಯ ಹತ್ತಿರ ನಟನೆ ಕಲಿತಳು. ನಲವತ್ತರ ದಶಕದ ಬಹುಭಾಗ ಹೆಸರೂ ಹಾಕದಂಥ ಚಿಲ್ಲರೆ ಪಾತ್ರಗಳಲ್ಲೇ ಕಳೆಯಿತು.

ಇನ್ನೊಂದು, ಎತ್ತರ. ಐದು ಅಡಿ ಒಂಬತ್ತು ಅಂಗುಲ. ಆಗಿನ ಹೀರೋಗಳಲ್ಲಿ ಎಷ್ಟೋ ಜನ ಈಕೆಯ ಪಕ್ಕ ನಿಂತರೆ ಗಿಡ್ಡ ಕಾಣುತ್ತಿದ್ದರು. ಜಾರ್ಜ್ ರಾಫ್ಟ್ ಜೊತೆ 'ಔಟ್‌ಪೋಸ್ಟ್ ಇನ್ ಮೊರಾಕ್ಕೊ' ಮಾಡುವಾಗ ಮಂಡಿ ಬಗ್ಗಿಸಿಕೊಂಡು ಕುಣಿಯೋದು ಕಲಿಯಬೇಕಾಯಿತು ಅಂತ ಈಕೆಯೇ ಹೇಳಿಕೊಂಡಿದ್ದಳು. ಹೀರೋ ಎದೆಗೆ ತಲೆ ಒರಗಿಸಿಕೊಂಡು ಅಳುವ ಪಾತ್ರಕ್ಕೆ ಇಂಥ ಎತ್ತರ ಹೊಂದಲ್ಲ. ಹೀರೋನ ಮೇಲಿಂದ ಕೆಳಗೆ ಅಳೆದು ನೋಡುವ ಪಾತ್ರಕ್ಕೆ ಹೊಂದುತ್ತದೆ. ಜೊತೆಗೆ ಆ ದೊಡ್ಡ ಕಣ್ಣು, ಆ ತಗ್ಗಿದ ದನಿ. ಹೀಗಾಗಿ ಒಳ್ಳೆಯ ಮನೆಯ ಹುಡುಗಿಯ ಪಾತ್ರ ಬೇರೆಯವರಿಗೆ, ಕೆಟ್ಟ ಹೆಂಗಸಿನ ಪಾತ್ರ ಈಕೆಗೆ ಅಂತ ಹಂಚಿಕೆ ಆಗಿಹೋಯಿತು.

ಅದೂ ಹೆಚ್ಚಾಗಿ ಬಿ ಸಿನಿಮಾಗಳಲ್ಲಿ. ಆ ಕಾಲದಲ್ಲಿ ಅಮೆರಿಕದ ಟಾಕೀಸಿನಲ್ಲಿ ಒಂದೇ ಟಿಕೆಟ್‌ಗೆ ಎರಡು ಸಿನಿಮಾ ತೋರಿಸುತ್ತಿದ್ದರು. ಒಂದು ದೊಡ್ಡ ಸ್ಟಾರ್‌ಗಳದ್ದು. ಇನ್ನೊಂದು ಕಡಿಮೆ ದುಡ್ಡಿನದು, ಒಂದು ಗಂಟೆ ಚಿಲ್ಲರೆಯದು, ಬೇಗ ಬೇಗ ಮುಗಿಸಿದ್ದು. ಆ ಎರಡನೆಯದೇ ಬಿ ಸಿನಿಮಾ. ಮುಂದೆ ಈಕೆಗೆ 'ಬಿ ಸಿನಿಮಾಗಳ ರಾಣಿ' ಅನ್ನುವ ಹೆಸರೇ ಅಂಟಿಕೊಂಡಿತು. ಹೊಗಳಿಕೆಯೋ ಲೇವಡಿಯೋ ನೀವೇ ತೀರ್ಮಾನಿಸಿ.

ನ್ಯಾರೋ ಮಾರ್ಜಿನ್ ಯಾಕೆ ಮೊದಲು

1952ರಲ್ಲಿ ತೆರೆಗೆ ಬಂತು. 71 ನಿಮಿಷ, ಕಪ್ಪು ಬಿಳುಪು. ನಿರ್ದೇಶಕ ರಿಚರ್ಡ್ ಫ್ಲೈಷರ್ ಬರೀ 13 ದಿನದಲ್ಲಿ ಶೂಟಿಂಗ್ ಮುಗಿಸಿದ್ದ. ಕಥೆ ಸರಳ. ಸತ್ತ ಗ್ಯಾಂಗ್‌ಸ್ಟರ್ ಒಬ್ಬನ ಹೆಂಡತಿ ಕೋರ್ಟಿಗೆ ಬಂದು ಸಾಕ್ಷಿ ಹೇಳಬೇಕು. ಅವಳನ್ನು ಶಿಕಾಗೋದಿಂದ ಲಾಸ್ ಏಂಜಲೀಸ್‌ಗೆ ರೈಲಲ್ಲಿ ಜೋಪಾನವಾಗಿ ಕರೆದುಕೊಂಡು ಬರಬೇಕಾದವನು ಬ್ರೌನ್ ಅನ್ನುವ ಪೊಲೀಸ್ ಡಿಟೆಕ್ಟಿವ್. ಕೊಲೆಗಾರರೂ ಅದೇ ರೈಲಲ್ಲಿ ಇದ್ದಾರೆ. ಆದರೆ ಆ ಹೆಂಗಸು ನೋಡಲು ಹೇಗಿದ್ದಾಳೆ ಅಂತ ಅವರಿಗೆ ಗೊತ್ತಿಲ್ಲ. ಇಷ್ಟೇ. ಇಷ್ಟಕ್ಕೇ ಎಪ್ಪತ್ತು ನಿಮಿಷ ಉಸಿರು ಬಿಗಿಹಿಡಿದು ಕೂರಿಸುತ್ತಾರೆ.

ಆ ವಿಧವೆಯ ಪಾತ್ರ ಮೇರಿ ವಿಂಡ್ಸರ್‌ದು. ಅವಳನ್ನು ಕಣ್ಣಲ್ಲಿ ನೋಡುವ ಮುಂಚೆಯೇ ಸಿನಿಮಾ ಅವಳ ಬಗ್ಗೆ ನಮ್ಮ ತಲೆಯಲ್ಲಿ ಒಂದು ಚಿತ್ರ ತುಂಬಿಬಿಡುತ್ತದೆ. ಟ್ಯಾಕ್ಸಿಯಲ್ಲಿ ಹೋಗುತ್ತಾ ಬ್ರೌನ್ ತನ್ನ ಜೊತೆಗಾರನ ಹತ್ತಿರ, ಗ್ಯಾಂಗ್‌ಸ್ಟರನ್ನು ಮದುವೆ ಆದವಳು ಎಂಥವಳಿರುತ್ತಾಳೆ, ಅಗ್ಗದ ಹೋಟೆಲಿನ ಊಟದ ಥರ, ಮೇಲೆ ಥಳಕು, ಗ್ರೇವಿ ಕೆಳಗೆ ವಿಷ ಅನ್ನುವಂತೆ ಮಾತಾಡುತ್ತಾನೆ. ಬಾಗಿಲು ತೆಗೆದರೆ ಹಾಗೇ ಇದ್ದಾಳೆ! ಗ್ರಾಮಫೋನ್ ಜೋರಾಗಿ ಹಾಡುತ್ತಿದೆ, ಮಾತೆಲ್ಲ ಚುಚ್ಚು ಮಾತು. ನಾವೂ ಬ್ರೌನ್ ಜೊತೆ ಸೇರಿಕೊಂಡು "ಇದೇ ಜಾತಿಯವಳು" ಅಂದುಕೊಂಡು ಕೂತುಬಿಡುತ್ತೇವೆ.

ಆಮೇಲೆ ಬರುವ ಮೆಟ್ಟಿಲಿನ ದೃಶ್ಯ ನೋಡಿ. ಪೊಲೀಸರು ಅವಳನ್ನು ಕೆಳಗೆ ಕರೆದುಕೊಂಡು ಬರುತ್ತಿರುವಾಗ ಕೊರಳಿನ ಮುತ್ತಿನ ಸರ ಕಿತ್ತು, ಮಣಿಗಳು ಒಂದೊಂದೇ ಪುಟಿಯುತ್ತಾ ಮೆಟ್ಟಿಲಿಳಿದು ಹೋಗುತ್ತವೆ. ಅವು ಹೋಗಿ ನಿಲ್ಲೋದು ಕೆಳಗೆ ಕತ್ತಲಲ್ಲಿ ಅಡಗಿ ನಿಂತವನ ಕಾಲ ಬುಡದಲ್ಲಿ. ಆ ದೃಶ್ಯಕ್ಕೆ ಹಿನ್ನೆಲೆ ಸಂಗೀತ ಇಲ್ಲ. ಇಡೀ ಸಿನಿಮಾಕ್ಕೇ ಇಲ್ಲ. ರೈಲಿನ ಸದ್ದು, ಬಾಗಿಲಿನ ಸದ್ದು, ಆಕೆಯ ಗ್ರಾಮಫೋನ್, ಅಷ್ಟೇ. ಇನ್ನೊಂದು ಕಡೆ ಅವಳು ಉಗುರು ಉಜ್ಜಿಕೊಳ್ಳುತ್ತಾ ಕೂತಿರುತ್ತಾಳೆ, ಆ ಕೈ ಹಿಂದೆ ಮುಂದೆ ಆಡುವ ಲಯದಲ್ಲೇ ಚಿತ್ರ ಸರಿದು ರೈಲಿನ ಗಾಲಿ ಆಡುವುದು ಕಾಣುತ್ತದೆ. ನಾನು ಆ ಜಾಗವನ್ನು ಹಿಂದಕ್ಕೆ ಓಡಿಸಿ ಮೂರು ಸಲ ನೋಡಿದ್ದೇನೆ.

ರೈಲಿನ ಸೆಟ್ಟನ್ನು ಅಲುಗಾಡಿಸಲು ದುಡ್ಡಿರಲಿಲ್ಲ. ಹಾಗಾಗಿ ಸೆಟ್ ನೆಲಕ್ಕೆ ಗಟ್ಟಿ ಮಾಡಿ ಕ್ಯಾಮೆರಾವನ್ನೇ ಅಲುಗಾಡಿಸಿದರು. ನೋಡುವಾಗ ಗೊತ್ತೇ ಆಗಲ್ಲ. ಆ ಇಕ್ಕಟ್ಟಾದ ಓಣಿಯಲ್ಲಿ ಒಬ್ಬ ಭಾರಿ ದಪ್ಪ ಮನುಷ್ಯ ಅಡ್ಡ ಬರುತ್ತಲೇ ಇರುತ್ತಾನೆ, ನಮ್ಮ ಸ್ಲೀಪರ್ ಕೋಚಿನಲ್ಲಿ ರಾತ್ರಿ ಹತ್ತು ಗಂಟೆಗೆ ಬಾತ್‌ರೂಮಿಗೆ ಹೋಗಲು ಪರದಾಡಿದವರಿಗೆ ಆ ಸಂಕಟ ಬಿಡಿಸಿ ಹೇಳಬೇಕಾಗಿಲ್ಲ.

ಈಗ ಮುಖ್ಯ ಮಾತು. ಈ ಸಿನಿಮಾದಲ್ಲಿ ಒಂದು ಗುಟ್ಟಿದೆ. ಅದನ್ನು ನಾನು ಇಲ್ಲಿ ಬಿಡಲ್ಲ, ನೀವೂ ಎಲ್ಲೂ ಹುಡುಕಿ ಓದಬೇಡಿ. ಇಷ್ಟು ಹೇಳಬಲ್ಲೆ: ಆ ಗುಟ್ಟು ಕೆಲಸ ಮಾಡೋದೇ ಮೇರಿ ವಿಂಡ್ಸರ್ ಮುಖ ಹಾಗಿರೋದರಿಂದ. ಬೇರೆ ಯಾರನ್ನು ಹಾಕಿದ್ದರೂ ನಾವು ಅಷ್ಟು ಸಲೀಸಾಗಿ ಮೋಸ ಹೋಗುತ್ತಿರಲಿಲ್ಲ. ಬೇರೆ ಸಿನಿಮಾದವರು ಈಕೆಯನ್ನು ನೋಡಿ "ಕೆಟ್ಟ ಹೆಂಗಸಿನ ಮುಖ" ಅಂದುಕೊಂಡು ಆ ಮುಖಕ್ಕೆ ತಕ್ಕ ಪಾತ್ರ ಕೊಟ್ಟರು. ಇಲ್ಲಿ ಫ್ಲೈಷರ್ ಆ ಅನಿಸಿಕೆಯನ್ನೇ ನಮ್ಮ ಮೇಲೆ ತಿರುಗಿಸಿದ. 'ದಿ ಕಿಲ್ಲಿಂಗ್' ಮೊದಲು ನೋಡಿದವರು ಈಕೆ ಇಂಥವಳೇ ಅಂತ ಗಟ್ಟಿ ಮಾಡಿಕೊಂಡು ಬಂದಿರುತ್ತಾರೆ, ಹಾಗಾದರೆ ಇದು ಇನ್ನೂ ಚೆನ್ನಾಗಿ ಕೆಲಸ ಮಾಡಬೇಕಲ್ಲ ಅಂತ ನೀವು ಕೇಳಬಹುದು. ನನಗೂ ಹಾಗೇ ಅನಿಸಿತ್ತು. ಆದರೆ ಆಗಿದ್ದು ಬೇರೆ. ನಾನು ಕುಬ್ರಿಕ್ ಸಿನಿಮಾದಲ್ಲಿ ಈಕೆ ಮಾಡಿದ ಶೆರ್ರಿ ಅನ್ನುವ ಪಾತ್ರವನ್ನೇ ಹುಡುಕುತ್ತಾ ಕೂತೆ, ಎದುರಿಗಿದ್ದ ಹೆಂಗಸನ್ನು ನೋಡಲೇ ಇಲ್ಲ. ಎರಡನೇ ಸಲ ಹಾಕಿಕೊಂಡಾಗ ಅವಳು ಬಾಗಿಲ ಸದ್ದಿಗೆ ಹೇಗೆ ಕಿವಿ ಕೊಡುತ್ತಾಳೆ, ಬ್ರೌನ್ ಬೈದಾಗ ಒಂದು ಕ್ಷಣ ಹೇಗೆ ತಡೆದು ಆಮೇಲೆ ತಿರುಗಿ ಬೈಯುತ್ತಾಳೆ ಅನ್ನೋದೆಲ್ಲ ಕಂಡಿತು.

ತಕರಾರೂ ಇದೆ. ಕೊನೆಯ ಹತ್ತು ನಿಮಿಷದಲ್ಲಿ ಈ ಪಾತ್ರದ ಮಾತು ಯಾರಾದರೂ ಎತ್ತುತ್ತಾರಾ ಗಮನಿಸಿ. ಇಷ್ಟು ಚೆನ್ನಾಗಿ ಕಟ್ಟಿದ ಪಾತ್ರವನ್ನು ಅಷ್ಟು ಹಗುರವಾಗಿ ಬಿಟ್ಟು ಮುಂದೆ ಹೋದದ್ದು ನನಗಿನ್ನೂ ಅರಗಿಲ್ಲ.

ಸಿನಿಮಾ ಮಾಡಿದ್ದು 1950ರಲ್ಲಿ. ಬಿಡುಗಡೆ ಎರಡು ವರ್ಷ ತಡ, ಯಾಕಂದ್ರೆ ಆರ್‌ಕೆಓ ಸ್ಟುಡಿಯೋ ಒಡೆಯ ಹೊವರ್ಡ್ ಹ್ಯೂಸ್ ಅದನ್ನು ಹಿಡಿದಿಟ್ಟುಕೊಂಡ. ಅವನಿಗೆ ಸಿನಿಮಾ ಇಷ್ಟ ಆಗಿತ್ತು, ಅದೇ ಗ್ರಹಚಾರ! ರಾಬರ್ಟ್ ಮಿಚಮ್ ಮತ್ತು ಜೇನ್ ರಸೆಲ್ ಹಾಕಿಕೊಂಡು ದೊಡ್ಡದಾಗಿ ಮತ್ತೆ ತೆಗೆಯೋಣ ಅಂತ ಯೋಚಿಸಿದ್ದನಂತೆ. ಹಾಗೇನಾದರೂ ಆಗಿದ್ದರೆ ಮೇರಿ ವಿಂಡ್ಸರ್ ಇವತ್ತು ಯಾರ ನೆನಪಲ್ಲೂ ಇರುತ್ತಿರಲಿಲ್ಲವೇನೋ.

ಹಾಗಾದರೆ ಕಿಲ್ಲಿಂಗ್?

1956. ಕುಬ್ರಿಕ್‌ಗೆ ಶೂಟಿಂಗ್ ಹೊತ್ತಿಗೆ 27 ವರ್ಷ. ರೇಸ್‌ಕೋರ್ಸ್ ಒಂದರಿಂದ 20 ಲಕ್ಷ ಡಾಲರ್ ಹೊಡೆಯುವ ಸಂಚು. ಒಬ್ಬೊಬ್ಬ ಪಾಲುದಾರನ ಕಡೆಯಿಂದ ಕಥೆ ಹಿಂದೆ ಹೋಗುತ್ತದೆ, ಮತ್ತೆ ಮುಂದೆ ಬರುತ್ತದೆ. ಈಗ ಹಾಗೆ ಕಥೆ ಹೇಳುವುದು ಮಾಮೂಲು, ಆಗ ಹಾಗಿರಲಿಲ್ಲ. ಮಾತುಗಳನ್ನು ಬರೆದವನು ಜಿಮ್ ಥಾಮ್ಸನ್, ಕ್ರೈಮ್ ಕಾದಂಬರಿಗಳ ಕಡು ಕತ್ತಲೆಯ ಲೇಖಕ. ಸಿನಿಮಾ ಅಂತ ನೋಡಿದರೆ ಇದು 'ನ್ಯಾರೋ ಮಾರ್ಜಿನ್'ಗಿಂತ ದೊಡ್ಡದು, ಅದರಲ್ಲಿ ವಾದ ಇಲ್ಲ.

ರೇಸ್‌ಕೋರ್ಸಿನ ಕ್ಯಾಷಿಯರ್ ಜಾರ್ಜ್ ಪೀಟಿ ಸಂಚಿನಲ್ಲಿ ಒಬ್ಬ. ಪುಟ್ಟ ಆಳು, ಹೆದರು ಪುಕ್ಕಲ. ಎಲಿಷಾ ಕುಕ್ ಜೂನಿಯರ್ ಮಾಡಿದ್ದಾನೆ. ಅವನ ಹೆಂಡತಿ ಶೆರ್ರಿ ಮೇರಿ ವಿಂಡ್ಸರ್. ಗಂಡ ಕೆಲಸದಿಂದ ಬಂದಾಗ ಅವಳು ಸೋಫಾ ಮೇಲೆ ಒರಗಿಕೊಂಡಿರುತ್ತಾಳೆ, ಏಳಲ್ಲ. ಊಟಕ್ಕೇನು ಅಂತ ಕೇಳುತ್ತಾನೆ. ಭರ್ಜರಿ ಊಟದ ಹೆಸರು ಹೇಳುತ್ತಾಳೆ. ವಾಸನೆಯೇ ಬರ್ತಾ ಇಲ್ಲವಲ್ಲ ಅಂದರೆ, ಬರಲ್ಲ, ಅದಿನ್ನೂ ಅಂಗಡಿಯಲ್ಲೇ ಇದೆ ಅನ್ನೋ ಅರ್ಥದಲ್ಲಿ ಉತ್ತರ. ಅದನ್ನು ಅವಳು ಬೈದು ಹೇಳಲ್ಲ, ಸಿಟ್ಟೂ ಇಲ್ಲ. ಬೇಜಾರು. ಐದು ವರ್ಷ ಸುಳ್ಳು ಭರವಸೆ ಕೇಳಿ ಕೇಳಿ ಬಂದ ಬೇಜಾರು. ಬೇರೆ ನಟಿಯಾಗಿದ್ದರೆ ಇಲ್ಲಿ ಕಿರುಚಾಡಿ ಗಬ್ಬೆಬ್ಬಿಸುತ್ತಿದ್ದರು. ಈಕೆ ಒಂದೊಂದು ಮಾತನ್ನೂ ಬಾಯಲ್ಲಿ ಪೆಪ್ಪರಮಿಂಟ್ ಇಟ್ಟುಕೊಂಡಂತೆ ಚಪ್ಪರಿಸಿ ಹೊರಗೆ ಬಿಡುತ್ತಾಳೆ, ಗಂಡನ ಮುಖ ಒಂದೊಂದು ಮಾತಿಗೂ ಇಷ್ಟಿಷ್ಟೇ ಜೋತು ಬೀಳುತ್ತದೆ.

ಆದರೆ ಲೆಕ್ಕ ಹಾಕಿ. ಸುಮಾರು 85 ನಿಮಿಷದ ಸಿನಿಮಾದಲ್ಲಿ ಈಕೆಗೆ ಬೆರಳೆಣಿಕೆಯಷ್ಟು ದೃಶ್ಯ. ಮನೆ, ಪ್ರಿಯಕರ, ಮತ್ತೆ ಮನೆ. ಸಂಚಿನ ಮುಖಂಡನಾಗಿ ನಟಿಸಿದ ಸ್ಟರ್ಲಿಂಗ್ ಹೇಡನ್ ಜೊತೆ ಒಂದೇ ಒಂದು ದೊಡ್ಡ ದೃಶ್ಯ, ಅದು ಮಾತ್ರ ಬಿಡಬಾರದ್ದು. ಹೇಡನ್ ಈಕೆಯ ಎದುರು ಗಿಡ್ಡ ಕಾಣದ ಕೆಲವೇ ಗಂಡಸರಲ್ಲಿ ಒಬ್ಬ. ಅವನು ಅವಳನ್ನು ಒಂದೇ ನೋಟಕ್ಕೆ ಅಳೆದು, ಬೇರೆಯವರಿಗೆ ಹೃದಯ ಇರುವ ಜಾಗದಲ್ಲಿ ನಿನಗೆ ಡಾಲರ್ ಗುರುತು ಇದೆ ಅನ್ನುವಂತೆ ಹೇಳುತ್ತಾನೆ. ಅವಳಿಗೆ ಅವಮಾನ ಆಗಲ್ಲ, ಖುಷಿಯಾಗುತ್ತದೆ! ಕೊನೆಗೂ ತನ್ನನ್ನು ಅರ್ಥ ಮಾಡಿಕೊಂಡವನು ಒಬ್ಬ ಸಿಕ್ಕ ಅನ್ನುವ ಥರ ನಗುತ್ತಾಳೆ.

ಕುಬ್ರಿಕ್ ಈಕೆಯನ್ನು 'ನ್ಯಾರೋ ಮಾರ್ಜಿನ್'ನಲ್ಲಿ ನೋಡಿಯೇ ಈ ಪಾತ್ರಕ್ಕೆ ಆರಿಸಿದ್ದು. ಅಂದರೆ ಅವನೂ ನಾನು ಹೇಳಿದ ಕ್ರಮದಲ್ಲೇ ನೋಡಿದ್ದ ಅಂತಾಯಿತು. ಈ ಪಾತ್ರಕ್ಕೆ ಲುಕ್ ಪತ್ರಿಕೆ ಆ ವರ್ಷದ ಪೋಷಕ ನಟಿ ಪ್ರಶಸ್ತಿ ಕೊಟ್ಟಿತು. ಆಸ್ಕರ್‌ನವರು ತಿರುಗಿಯೂ ನೋಡಲಿಲ್ಲ, ನಾಮಿನೇಷನ್ ಕೂಡ ಇಲ್ಲ.

ಆದ್ದರಿಂದ ಎರಡರಲ್ಲಿ ಒಂದನ್ನೇ ನೋಡೋದು ಅಂತಾದರೆ ಹೀಗೆ ಮಾಡಿ. ನಿಮಗೆ ನಟಿ ಮುಖ್ಯವಾದರೆ ರೈಲು. ಸಿನಿಮಾ ಮುಖ್ಯ, ನಟಿ ಬೋನಸ್ ಅಂದರೆ ರೇಸ್‌ಕೋರ್ಸ್. ಮನೆಯವರನ್ನೆಲ್ಲ ಕೂರಿಸಿಕೊಂಡು ನೋಡೋದಾದರೆ ಕಣ್ಣು ಮುಚ್ಚಿ ರೈಲು, ಕಥೆ ಎಲ್ಲರಿಗೂ ಹಿಡಿಸುತ್ತದೆ, ಬೇಗ ಮುಗಿಯುತ್ತದೆ. ಕಿಲ್ಲಿಂಗ್ ಹಾಕಿದರೆ "ಈಗ ತಾನೇ ಇದು ಆಯ್ತಲ್ಲ, ಮತ್ತೆ ಯಾಕೆ ತೋರಿಸ್ತಿದ್ದಾರೆ" ಅನ್ನುವ ಪ್ರಶ್ನೆಗೆ ಪ್ರತಿ ಹತ್ತು ನಿಮಿಷಕ್ಕೆ ಉತ್ತರ ಕೊಡುತ್ತಾ ಕೂರಬೇಕು. ನನ್ನ ಅನುಭವ.

ಈ ಎರಡೂ ನೋಡಿ ಆಯ್ತು, ಮುಂದೇನು?

ಇಲ್ಲಿಂದ ದಾರಿ ಕವಲೊಡೆಯುತ್ತದೆ. ಇನ್ನೂ ಇದೇ ಥರದ ಕತ್ತಲೆ ಸಿನಿಮಾ ಬೇಕು ಅನ್ನುವವರಿಗೆ 1948ರ 'ಫೋರ್ಸ್ ಆಫ್ ಈವಿಲ್'. ಅದರಲ್ಲಿ ಈಕೆ ಗ್ಯಾಂಗಿನ ಯಜಮಾನನ ಹೆಂಡತಿ, ಹೀರೋ ಜಾನ್ ಗಾರ್ಫೀಲ್ಡ್‌ಗೆ ಗಾಳ ಹಾಕುವವಳು. ಪಾತ್ರ ಸಣ್ಣದು, ಅದಕ್ಕಾಗಿ ಹೋಗಿ ನಿರಾಶೆ ಪಡಬೇಡಿ. ಸಿನಿಮಾಕ್ಕಾಗಿ ಹೋಗಿ. ನ್ಯೂಯಾರ್ಕಿನ 'ನಂಬರ್ಸ್' ಜೂಜಿನ ಕಥೆ, ನಮ್ಮಲ್ಲಿ ಓಸಿ, ಮಟ್ಕಾ ಅಂತಾರಲ್ಲ, ಹೆಚ್ಚು ಕಡಿಮೆ ಅದೇ. ಮೂರು ಅಂಕಿಯ ಮೇಲೆ ಬಡವರು ಚಿಲ್ಲರೆ ಕಾಸು ಕಟ್ಟುತ್ತಾರೆ. ಜುಲೈ 4, ಅಮೆರಿಕದ ಸ್ವಾತಂತ್ರ್ಯ ದಿನ, ಅವತ್ತು ಎಲ್ಲರೂ 1776ರ ನೆನಪಿಗೆ 776ಕ್ಕೇ ಕಟ್ಟುವುದು ವಾಡಿಕೆ. ಅವತ್ತು ಆ ನಂಬರೇ ಬೀಳುವಂತೆ ಮಾಡಿದರೆ ಸಣ್ಣ ಪುಟ್ಟ ಬುಕ್ಕಿಗಳೆಲ್ಲ ದಿವಾಳಿ, ಆಮೇಲೆ ಇಡೀ ದಂಧೆ ಒಬ್ಬನ ಕೈಗೆ. ಎಷ್ಟು ನಾಜೂಕಿನ ಹಲ್ಕಾತನ ನೋಡಿ! ನಿರ್ದೇಶಕ ಅಬ್ರಹಾಂ ಪೊಲೊನ್‌ಸ್ಕಿಯನ್ನು ಆಮೇಲೆ ಕಮ್ಯುನಿಸ್ಟ್ ಅಂತ ಕಪ್ಪು ಪಟ್ಟಿಗೆ ಸೇರಿಸಿದರು, ಮುಂದಿನ ಸಿನಿಮಾ ನಿರ್ದೇಶಿಸಲು ಅವನು 1969ರ ತನಕ ಕಾಯಬೇಕಾಯಿತು.

'ಸಿಟಿ ದಟ್ ನೆವರ್ ಸ್ಲೀಪ್ಸ್' ಕೂಡ ಇದೇ ಗುಂಪಿಗೆ, 1953ರದು. ಶಿಕಾಗೋದಲ್ಲಿ ಒಂದೇ ರಾತ್ರಿಯ ಕಥೆ. ಊರೇ ಮಾತಾಡುತ್ತದೆ, ಅದು ಸ್ವಲ್ಪ ಅತಿಯಾಯಿತು. ಆದರೆ ಮುಖಕ್ಕೆ ಬೆಳ್ಳಿ ಬಣ್ಣ ಬಳಿದುಕೊಂಡು ಗಾಜಿನ ಕಿಟಕಿಯೊಳಗೆ ಯಂತ್ರದ ಬೊಂಬೆಯ ಹಾಗೆ ಆಡುವ ಒಬ್ಬ ಮನುಷ್ಯ ಇದ್ದಾನೆ, ಅವನೊಬ್ಬನಿಗಾಗಿ ನೋಡಬಹುದು. ಮೇರಿ ವಿಂಡ್ಸರ್ ಇಲ್ಲಿ ದುಡ್ಡಿನ ವಕೀಲನ ಹೆಂಡತಿ, ಗಂಡನಿಗೆ ಕೈಕೊಡುವವಳು. ಮತ್ತೆ ಅದೇ. 1952ರ 'ದಿ ಸ್ನೈಪರ್' ಒಳ್ಳೆಯ ಸಿನಿಮಾ, ಆದರೆ ಈಕೆ ಅದರಲ್ಲಿ ಕೊಲೆಗಾರನ ಮೊದಲ ಗುರಿ. ಬಾರಿನಲ್ಲಿ ಪಿಯಾನೋ ನುಡಿಸುವವಳು, ಅಪರೂಪಕ್ಕೆ ಒಳ್ಳೆಯ ಹೆಂಗಸಿನ ಪಾತ್ರ, ಅದಕ್ಕೇ ಬೇಗ ಮುಗಿಸಿಬಿಟ್ಟರು ಅಂತ ಕಾಣುತ್ತದೆ.

ಈ ಗಂಡನಿಗೆ ಕೈಕೊಡುವ ಹೆಂಡತಿ ಸಾಕಾಯ್ತು, ಬೇರೆ ಏನಾದರೂ ಮಾಡಿದ್ದಾಳಾ ಅಂತ ಕೇಳಿದರೆ, ಹೌದು, 'ಹೆಲ್‌ಫೈರ್'. 1949ರ ಕೌಬಾಯ್ ಸಿನಿಮಾ, ರಿಪಬ್ಲಿಕ್ ಕಂಪನಿಯದ್ದು. ಜೂಜುಕೋರನೊಬ್ಬನನ್ನು ಉಳಿಸಲು ಹೋಗಿ ಪಾದ್ರಿಯೊಬ್ಬ ಗುಂಡಿಗೆ ಎದೆಯೊಡ್ಡಿ ಸಾಯುತ್ತಾನೆ. ಸಾಯುವಾಗ ಚರ್ಚ್ ಕಟ್ಟಿಸುತ್ತೇನೆ ಅಂತ ಇವನಿಂದ ಮಾತು ತೆಗೆದುಕೊಳ್ಳುತ್ತಾನೆ. ಕಟ್ಟಿಸಲು ದುಡ್ಡು ಬೇಕು. ದುಡ್ಡು ಎಲ್ಲಿದೆ? ಡಾಲ್ ಬ್ರೌನ್ ಅನ್ನುವ ಡಕಾಯಿತಿಯ ತಲೆ ಮೇಲೆ ಇದೆ. ಆ ಡಾಲ್ ಬ್ರೌನ್ ನಮ್ಮ ಮೇರಿ. ಗಂಡಸರ ಬಟ್ಟೆ, ಸೊಂಟದಲ್ಲಿ ಪಿಸ್ತೂಲು, ಕುದುರೆ ಮೇಲೆ ಕೂತರೆ ಹುಟ್ಟಿದ್ದೇ ಅಲ್ಲಿ ಅನ್ನುವ ಹಾಗೆ. ಕಳೆದುಹೋದ ತಂಗಿಯನ್ನು ಹುಡುಕುತ್ತಿರುತ್ತಾಳೆ. ಇಲ್ಲಿ ಎತ್ತರ ಮುಚ್ಚಿಡುವ ಗೊಡವೆಯೇ ಇಲ್ಲ. ಕಥೆಯಲ್ಲಿ ಉಪದೇಶ ಸ್ವಲ್ಪ ಜಾಸ್ತಿ, ಬೈಬಲ್ ಆಗಾಗ ಕೈಗೆ ಬರುತ್ತದೆ. ಬಣ್ಣವೂ ವಿಚಿತ್ರ. ಟ್ರೂಕಲರ್ ಅನ್ನುವ ಅಗ್ಗದ ವಿಧಾನ ಅದು, ಎರಡೇ ಬಣ್ಣದಲ್ಲಿ ಎಲ್ಲ ತೋರಿಸಬೇಕು, ಹಾಗಾಗಿ ಲೋಕವೆಲ್ಲ ಇಟ್ಟಿಗೆ ಕೆಂಪು ಇಲ್ಲವೇ ನವಿಲು ನೀಲಿ. ಐದು ನಿಮಿಷಕ್ಕೆ ಕಣ್ಣಿಗೆ ಒಗ್ಗುತ್ತದೆ. ಈಕೆಯೇ ನಿಜವಾದ ನಾಯಕಿ ಅಂತ ಇರುವ ಸಿನಿಮಾಗಳು ಕಮ್ಮಿ, ಅದರಲ್ಲಿ ಇದು ನನಗೆ ಎಲ್ಲಕ್ಕಿಂತ ಮುದ್ದು. ಮೂರನೆಯದಾಗಿ ಇದನ್ನೇ ಇಟ್ಟುಕೊಳ್ಳಿ.

ಅದೇ ವರ್ಷ ಜಾನ್ ವೇಯ್ನ್ ಜೊತೆ 'ದಿ ಫೈಟಿಂಗ್ ಕೆಂಟಕಿಯನ್' ಕೂಡ ಬಂತು. ದೊಡ್ಡ ಹೆಸರು ನೋಡಿ ಅತ್ತ ಓಡಬೇಡಿ. ಈಕೆಗೆ ಅದರಲ್ಲಿ ಮಾಡಲು ಹೆಚ್ಚೇನೂ ಇಲ್ಲ. ಲಾರೆಲ್ ಇಲ್ಲದ ಹಾರ್ಡಿಯನ್ನು ನೋಡಬೇಕು ಅಂತ ಕುತೂಹಲ ಇದ್ದರೆ ಮಾತ್ರ ನೋಡಿ, ಆಲಿವರ್ ಹಾರ್ಡಿ ಅದರಲ್ಲಿ ವೇಯ್ನ್ ಜೊತೆಗಾರ.

ಕೆಟ್ಟ ಸಿನಿಮಾದ ಚಟ ಇರುವವರಿಗೆ

ಇದು ಬೇರೆಯೇ ಜಾತಿ ಪ್ರೇಕ್ಷಕರು. ಸ್ನೇಹಿತರನ್ನು ಸೇರಿಸಿಕೊಂಡು, ಮಂಡಕ್ಕಿ ಹಾಕಿಕೊಂಡು, ನೋಡುತ್ತಾ ಗೇಲಿ ಮಾಡುವವರು. ಅವರಿಗೆ ಎರಡು ಆಯ್ಕೆ ಇದೆ, ಮತ್ತು ಎರಡರ ನಡುವೆ ನಿಜಕ್ಕೂ ಆರಿಸಬೇಕು, ಒಂದೇ ರಾತ್ರಿ ಎರಡೂ ತಡೆಯಲ್ಲ.

'ಕ್ಯಾಟ್-ವಿಮೆನ್ ಆಫ್ ದಿ ಮೂನ್', 1953. ತ್ರೀಡಿ ಸಿನಿಮಾ. ಚಂದ್ರನ ಮೇಲೆ ಕಪ್ಪು ಬಿಗಿ ಉಡುಪಿನ ಹೆಂಗಸರು ವಾಸವಾಗಿದ್ದಾರೆ, ಭೂಮಿಯಿಂದ ರಾಕೆಟ್ ಹೋಗುತ್ತದೆ. ರಾಕೆಟ್ ಒಳಗೆ ಆಫೀಸಿನಲ್ಲಿ ಇರುವಂಥ ಗಾಲಿ ಕುರ್ಚಿ, ಮೇಜು. ದಾರ ಕಟ್ಟಿ ಇಳಿಬಿಟ್ಟ ದೈತ್ಯ ಜೇಡ. ಮೇರಿ ವಿಂಡ್ಸರ್ ಆ ರಾಕೆಟ್ಟಿನ ನ್ಯಾವಿಗೇಟರ್, ಚಂದ್ರನ ಹೆಂಗಸರು ದೂರದಿಂದಲೇ ಈಕೆಯ ಮನಸ್ಸು ಹಿಡಿದಿಟ್ಟುಕೊಂಡಿರುತ್ತಾರೆ. ಇಷ್ಟರ ನಡುವೆ ಈಕೆ ಒಂದು ಸಲವೂ ನಗು ತಡೆದುಕೊಂಡಂತೆ ಕಾಣಲ್ಲ, ಅಷ್ಟು ಶ್ರದ್ಧೆಯಿಂದ ಮಾಡಿದ್ದಾಳೆ. ಇದಕ್ಕೆ ಸಂಗೀತ ಕೊಟ್ಟವನು ಎಲ್ಮರ್ ಬರ್ನ್‌ಸ್ಟೀನ್. ಹೌದು, ಮುಂದೆ 'ದಿ ಮ್ಯಾಗ್ನಿಫಿಸೆಂಟ್ ಸೆವೆನ್'ಗೆ ಸಂಗೀತ ಕೊಟ್ಟವನೇ. ಆಗ ರಾಜಕೀಯದ ಕಾರಣಕ್ಕೆ ದೊಡ್ಡವರು ಕೆಲಸ ಕೊಡುತ್ತಿರಲಿಲ್ಲ, ಸಿಕ್ಕಿದ್ದು ಮಾಡುತ್ತಿದ್ದ. ಟೈಟಲ್‌ನಲ್ಲಿ ಅವನ ಹೆಸರಿನ ಸ್ಪೆಲಿಂಗನ್ನೂ ತಪ್ಪು ಹಾಕಿದ್ದಾರೆ.

ಇನ್ನೊಂದು 'ಸ್ವಾಂಪ್ ವಿಮೆನ್', 1956, ರೋಜರ್ ಕಾರ್ಮನ್ ನಿರ್ದೇಶನ. ಜೈಲಿಂದ ತಪ್ಪಿಸಿಕೊಂಡ ಹೆಂಗಸರು ಲೂಸಿಯಾನಾದ ಜೌಗಿನಲ್ಲಿ ಬಚ್ಚಿಟ್ಟ ವಜ್ರ ಹುಡುಕಲು ಹೋಗುತ್ತಾರೆ, ಅವರ ನಡುವೆ ಒಬ್ಬಳು ವೇಷ ಮರೆಸಿದ ಪೊಲೀಸ್. ಹೊರಾಂಗಣದಲ್ಲಿ, ನಿಜವಾದ ಕೆಸರಲ್ಲೇ ತೆಗೆದದ್ದು. ಶುರುವಿನಲ್ಲಿ ಮಾರ್ಡಿ ಗ್ರಾ ಹಬ್ಬದ ಮೆರವಣಿಗೆಯನ್ನು ಸುಮ್ನೆ ಸಮಯ ತುಂಬಿಸಲು ಎಳೆದಿದ್ದಾರೆ, ಆಗ ಎದ್ದು ಹೋಗಿ ಕಾಫಿ ಮಾಡಿಕೊಂಡು ಬನ್ನಿ.

ಗುಂಪಿನಲ್ಲಿ ನೋಡೋದಾದರೆ ಚಂದ್ರ. ನಗಲು ಪ್ರತಿ ನಿಮಿಷಕ್ಕೆ ಏನಾದರೂ ಸಿಗುತ್ತದೆ. ಜೌಗಿನದ್ದು ಅರ್ಧ ದಾರಿಯಲ್ಲಿ ಎಳೆಯುತ್ತದೆ. ಇದು 'ಕಿಲ್ಲಿಂಗ್' ಬಂದ ವರ್ಷವೇ ಬಂದದ್ದು ಅನ್ನೋದನ್ನು ನೆನಪಿಟ್ಟುಕೊಳ್ಳಿ. ಕುಬ್ರಿಕ್ ಹತ್ತಿರ ಆ ಮಟ್ಟದ ಕೆಲಸ ಮಾಡಿದವಳು ಅದೇ ಹೊತ್ತಿಗೆ ಮೊಣಕಾಲು ಮಟ್ಟದ ಕೆಸರಲ್ಲೂ ನಿಂತಿದ್ದಳು. ಹೊಟ್ಟೆಪಾಡು ಅಂದ್ರೆ ಹಾಗೆ.

ಟಿವಿ ಪಾತ್ರಗಳ ಬಗ್ಗೆ ಇಲ್ಲಿ ಬರೆಯಲ್ಲ, ಅದು ಸಮುದ್ರ. ಐವತ್ತು ಅರವತ್ತರ ದಶಕದ ಯಾವ ಕೌಬಾಯ್ ಸೀರಿಯಲ್ ತೆರೆದರೂ ಒಂದು ಕಂತಿನಲ್ಲಿ ಸಿಗುತ್ತಾಳೆ. ಎಪ್ಪತ್ತರ ದಶಕದಲ್ಲಿ ಪಾತ್ರಗಳು ಸಣ್ಣದಾಗುತ್ತಾ ಬಂದವು. ಆದರೂ ನಟರ ಸಂಘವಾದ ಸ್ಕ್ರೀನ್ ಆ್ಯಕ್ಟರ್ಸ್ ಗಿಲ್ಡ್‌ನ ಮಂಡಳಿಯಲ್ಲಿ 25 ವರ್ಷ ಕೆಲಸ ಮಾಡಿದಳು, ಚಿತ್ರ ಬರೆದಳು, ಶಿಲ್ಪ ಮಾಡಿದಳು. 1983ರಲ್ಲಿ ಹಾಲಿವುಡ್ ಫುಟ್‌ಪಾತಿನ ಮೇಲೆ ಈಕೆಯ ಹೆಸರಿನ ನಕ್ಷತ್ರ ಬಂತು. ತೀರಿಕೊಂಡದ್ದು 2000ದ ಡಿಸೆಂಬರ್ 10ಕ್ಕೆ. ಮಾರನೇ ದಿನ 81 ತುಂಬುತ್ತಿತ್ತು.

ಕೊನೆಯ ದಿನಗಳದ್ದು ಒಂದಾದರೂ ನೋಡಬೇಕು ಅನ್ನುವವರಿಗೆ 1979ರ 'ಸೇಲಮ್ಸ್ ಲಾಟ್', ಟಿವಿಗೆ ಮಾಡಿದ ರಕ್ತಪಿಶಾಚಿಯ ಕಥೆ, ನಿರ್ದೇಶಕ ಟೋಬಿ ಹೂಪರ್. ಮೇರಿ ವಿಂಡ್ಸರ್ ಇದರಲ್ಲಿ ಬಾಡಿಗೆ ಮನೆಯ ಯಜಮಾನಿ ಈವಾ ಮಿಲ್ಲರ್. ಅದೇ ಮನೆಯಲ್ಲಿ ವೀಸಲ್ ಅನ್ನುವ ಮುದುಕನೊಬ್ಬ ಇರುತ್ತಾನೆ. ಅವನ ಮುಖ ಎಲ್ಲೋ ನೋಡಿದಂತಿದೆಯಲ್ಲ ಅನಿಸುತ್ತದೆ. ಎಲಿಷಾ ಕುಕ್ ಜೂನಿಯರ್! 23 ವರ್ಷದ ಹಿಂದೆ ಕೆಲಸದಿಂದ ಬಂದು ಊಟಕ್ಕೇನು ಅಂತ ಕೇಳಿದ್ದನಲ್ಲ, ಅವನೇ. ಈಗ ಇಬ್ಬರ ಕೂದಲೂ ನರೆತಿದೆ, ಮತ್ತೆ ಒಂದೇ ಸೂರಿನಡಿ. 'ಕಿಲ್ಲಿಂಗ್' ನೋಡದೆ ಇದನ್ನು ನೋಡಿದರೆ ಸುಮ್ನೆ ಒಬ್ಬ ಮುದುಕ, ಒಬ್ಬ ಮುದುಕಿ, ಅಷ್ಟೇ. ಹಾಗಾಗಿ ಇದನ್ನು ಪಟ್ಟಿಯ ತಳಕ್ಕೆ ಹಾಕಿ.